ಗ್ರಾಸ್ ಲೆಕ್ಕ ಹಾಕುವ ಮೊದಲು ಬೇಸಿಕ್ ಸರಿ ಇದೆಯೇ ನೋಡಿ

ಸ್ಯಾಲರಿ ಸ್ಲಿಪ್ ಬಂದ ಕೂಡಲೇ ಎಲ್ಲರ ಕಣ್ಣು ಹೋಗುವುದು ಕೊನೆಯ ಸಾಲಿನ ನೆಟ್ ಮೊತ್ತಕ್ಕೆ. ಹೋದ ತಿಂಗಳಿಗಿಂತ ಕಮ್ಮಿ ಇದ್ದರೆ ಸಂಬಳದ ಬಿಲ್ ಮಾಡುವ ಕೇಸ್ ವರ್ಕರ್ ಮೇಜಿಗೆ ಓಟ, ಜಾಸ್ತಿ ಇದ್ದರೆ ಮೌನ. ತಪ್ಪು ಎರಡೂ ಕಡೆ ಆಗುತ್ತದೆ. ಹೆಚ್ಚು ಬಂದ ಹಣ ಎರಡು ವರ್ಷದ ಮೇಲೆ ಆಡಿಟ್ ಆಕ್ಷೇಪಣೆಯಾಗಿ ವಾಪಸ್ ಬಂದಾಗ ಒಂದೇ ಕಂತಿನಲ್ಲಿ ಕಟ್ಟುವುದು ಕಷ್ಟ. ಹಾಗಾಗಿ ಸ್ಲಿಪ್ಪನ್ನು ಮೇಲಿನಿಂದ ಓದಬೇಕು. ಇಲ್ಲಿರುವುದು ಕರ್ನಾಟಕ ರಾಜ್ಯ ಸರ್ಕಾರಿ ನೌಕರರ ಲೆಕ್ಕ. ಅಂಕಿಗಳೆಲ್ಲ 7ನೇ ರಾಜ್ಯ ವೇತನ ಆಯೋಗದ ನಂತರ ಬಂದ ಶ್ರೇಣಿಗಳವು.

ಗ್ರಾಸ್, ಅಂದರೆ ಕಡಿತಗಳಿಗೆ ಮುಂಚಿನ ಒಟ್ಟು ಸಂಬಳದಲ್ಲಿ ದೊಡ್ಡ ಭಾಗ ಮೂರೇ: ಮೂಲ ವೇತನ (ಬೇಸಿಕ್), ತುಟ್ಟಿ ಭತ್ಯೆ (ಡಿಎ), ಮನೆ ಬಾಡಿಗೆ ಭತ್ಯೆ (ಎಚ್‌ಆರ್‌ಎ). ಉಳಿದವು, ಅಂದರೆ ನಗರ ಪರಿಹಾರ ಭತ್ಯೆ, ವೈದ್ಯಕೀಯ ಭತ್ಯೆ, ಸಮವಸ್ತ್ರ ಭತ್ಯೆ, ಕೆಲವು ಹುದ್ದೆಗಳ ವಿಶೇಷ ಭತ್ಯೆ, ಇವು ಇಂತಿಷ್ಟು ರೂಪಾಯಿ ಎಂದು ನಿಗದಿಯಾದ ಗಂಟು ಭತ್ಯೆಗಳು. ಇವು ಯಾರಿಗೆ ಉಂಟು, ಯಾರಿಗೆ ಇಲ್ಲ ಎನ್ನುವುದು ಗುಂಪು, ಊರು, ಹುದ್ದೆ ನೋಡಿ ತೀರ್ಮಾನವಾಗುತ್ತದೆ. ಬೇಸಿಕ್ ಏರಿದರೂ ಇವು ಏರುವುದಿಲ್ಲ. ಡಿಎ, ಎಚ್‌ಆರ್‌ಎ ಎರಡು ಬೇಸಿಕ್‌ನ ಶೇಕಡಾವಾರು. ಬೇಸಿಕ್ ಒಂದು ಮೆಟ್ಟಿಲು ತಪ್ಪಾಗಿದ್ದರೆ ಡಿಎ ತಪ್ಪು, ಎಚ್‌ಆರ್‌ಎ ತಪ್ಪು, ಪಿಂಚಣಿ ಯೋಜನೆಯ (ಎನ್‌ಪಿಎಸ್) ಕಡಿತವೂ ತಪ್ಪು. ಆದ್ದರಿಂದ ಬೇಸಿಕ್ ಬಗ್ಗೆಯೇ ಹೆಚ್ಚು ಹೊತ್ತು.

ರಾಜ್ಯದ ಎಲ್ಲ ವೇತನ ಶ್ರೇಣಿಗಳೂ ಒಂದೇ ಏಣಿಯ ತುಂಡುಗಳು. ಆ ಏಣಿಗೆ ಮಾಸ್ಟರ್ ಸ್ಕೇಲ್ ಎನ್ನುತ್ತಾರೆ. ಈಗಿನದು 27,000 ರೂಪಾಯಿಯಿಂದ ಶುರುವಾಗಿ 2,41,200ಕ್ಕೆ ಮುಗಿಯುತ್ತದೆ. ಕೆಳಗಿನ ಭಾಗ ಹೀಗಿದೆ: 27,000-650-29,600-725-32,500-800-35,700-900-39,300-1,000-43,300-1,125-47,800-1,250-52,800-1,375-58,300-1,500-64,300. ನಡುವಿನ ಚಿಕ್ಕ ಅಂಕಿ ವಾರ್ಷಿಕ ವೇತನ ಬಡ್ತಿಯ ಮೊತ್ತ. 43,300 ಮುಟ್ಟಿದವರಿಗೆ ವರ್ಷಕ್ಕೆ 1,125, 47,800 ಮುಟ್ಟಿದ ಮೇಲೆ 1,250. ದ್ವಿತೀಯ ದರ್ಜೆ ಸಹಾಯಕರ (ಎಸ್‌ಡಿಎ) ಶ್ರೇಣಿ 34,100ರಿಂದ 67,600, ಪ್ರಥಮ ದರ್ಜೆ ಸಹಾಯಕರದು (ಎಫ್‌ಡಿಎ) 44,425ರಿಂದ 83,700, ಪ್ರಾಥಮಿಕ ಶಾಲಾ ಶಿಕ್ಷಕರದು 41,300ರಿಂದ 81,800. ಯಾವುದೇ ಶ್ರೇಣಿ ತೆಗೆದುಕೊಂಡರೂ ಅದು ಆ ದೊಡ್ಡ ಏಣಿಯ ಒಂದು ಮೆಟ್ಟಿಲಲ್ಲೇ ಶುರುವಾಗುತ್ತದೆ, ಇನ್ನೊಂದು ಮೆಟ್ಟಿಲಲ್ಲೇ ನಿಲ್ಲುತ್ತದೆ.

ಇದರಿಂದ ಅರ್ಧ ನಿಮಿಷದ ಒಂದು ಪರೀಕ್ಷೆ ಸಿಗುತ್ತದೆ. ಸ್ಲಿಪ್‌ನಲ್ಲಿರುವ ಬೇಸಿಕ್ ಈ ಏಣಿಯ ಮೇಲೆ ಇದೆಯೇ? ಪೂರ್ತಿ ತಿಂಗಳ ಬಿಲ್‌ನಲ್ಲಿ 45,000 ಎಂದಿದ್ದರೆ ಅದು ತಪ್ಪೇ. 43,300, 44,425, 45,550, 46,675, 47,800, ಇಷ್ಟೇ ಆ ತುಂಡಿನಲ್ಲಿರುವ ಮೆಟ್ಟಿಲುಗಳು. ಬೇಸಿಕ್ ಏಣಿಯ ಮೇಲಿದ್ದರೂ ಒಂದು ಮೆಟ್ಟಿಲು ಹಿಂದೆ ಬಿದ್ದಿರಬಹುದು, ಅದನ್ನು ಕಂಡುಹಿಡಿಯಲು ನೌಕರಿಯ ದಾಖಲೆ ಪುಸ್ತಕವಾದ ಸೇವಾ ವಹಿಯೇ ಬೇಕು. ವಾರ್ಷಿಕ ಬಡ್ತಿ ಜನವರಿ 1 ಅಥವಾ ಜುಲೈ 1ಕ್ಕೆ ಬರುತ್ತದೆ. ಸೇವಾ ವಹಿಯಲ್ಲಿ ಪ್ರತಿ ವರ್ಷದ ನಮೂದು ಎಣಿಸಿಕೊಂಡು ಬಂದರೆ ಎಲ್ಲಿ ಒಂದು ತಪ್ಪಿಹೋಗಿದೆ ಎಂದು ಗೊತ್ತಾಗುತ್ತದೆ. 10 ಮತ್ತು 15 ವರ್ಷಕ್ಕೆ ಸಿಗುವ ಕಾಲಮಿತಿ ಬಡ್ತಿಗಳು, 20, 25, 30 ವರ್ಷದ ಹೆಚ್ಚುವರಿ ವೇತನ ಬಡ್ತಿಗಳು ತಾವಾಗಿ ಬಿಲ್‌ಗೆ ಬಂದು ಕೂರುವುದಿಲ್ಲ. ಸಕ್ಷಮ ಪ್ರಾಧಿಕಾರದ ಆದೇಶ ಆಗಬೇಕು. ಕೇಳದಿದ್ದರೆ ಕಡತ ಮೇಲೇಳುವುದಿಲ್ಲ.

ಬೇಸಿಕ್ ತಪ್ಪಾಗಿರುವ ಪ್ರಕರಣಗಳಲ್ಲಿ ಬಹುಪಾಲು 2024ರ ವೇತನ ನಿಗದಿಯಲ್ಲೇ ಬೇರು ಬಿಟ್ಟಿರುತ್ತವೆ. ಕೆ. ಸುಧಾಕರ್ ರಾವ್ ಅಧ್ಯಕ್ಷತೆಯ ಆಯೋಗದ ಶಿಫಾರಸಿನಂತೆ ಹೊಸ ವೇತನ ಕಾಲ್ಪನಿಕವಾಗಿ 2022ರ ಜುಲೈ 1ರಿಂದ, ಕೈಗೆ ಹಣ 2024ರ ಆಗಸ್ಟ್ 1ರಿಂದ. ಲೆಕ್ಕ ಹಾಕುವುದು ಹೀಗೆ: 1-7-2022ರಂದು ಇದ್ದ ಹಳೆಯ ಬೇಸಿಕ್, ಅದರ ಮೇಲೆ ಶೇ 31 ಡಿಎ, ಶೇ 27.50 ಫಿಟ್‌ಮೆಂಟ್, ಅಂದರೆ ಪರಿಷ್ಕರಣೆಯ ಹೆಚ್ಚಳ. ಮೂರನ್ನೂ ಕೂಡಿ, ಬಂದ ಮೊತ್ತ ಹೊಸ ಶ್ರೇಣಿಯ ಮೆಟ್ಟಿಲಲ್ಲಿ ಇಲ್ಲದಿದ್ದರೆ ಅದರ ಮೇಲಿನ ಮೆಟ್ಟಿಲು.

ಒಬ್ಬ ಎಫ್‌ಡಿಎ ಹಳೆಯ ಬೇಸಿಕ್ 30,350 ಎಂದುಕೊಳ್ಳಿ. ಶೇ 31 ಎಂದರೆ 9,409. ಶೇ 27.50 ಎಂದರೆ 8,346. ಒಟ್ಟು 48,105. ಏಣಿಯಲ್ಲಿ 47,800 ಆದ ಮೇಲೆ 49,050 ಇದೆ, ನಡುವೆ ಏನೂ ಇಲ್ಲ. ಹಾಗಾಗಿ ಹೊಸ ಬೇಸಿಕ್ 49,050. ಇಲ್ಲಿ ಎರಡು ಬಗೆಯ ಎಡವಟ್ಟು ಆಗುತ್ತದೆ. ಒಂದು, 48,105ಕ್ಕೆ ಹತ್ತಿರ ಇರುವುದು 47,800 ಎಂದು ಕೆಳಕ್ಕೆ ಇಳಿಸುವುದು. ಎರಡನೆಯದು ಇನ್ನೂ ಸಾಮಾನ್ಯ: 1-7-2022ರ ಬೇಸಿಕ್ ಬದಲು 2024ರ ಜುಲೈ ಸ್ಲಿಪ್‌ನ ಬೇಸಿಕ್ ಹಿಡಿದು ಶೇ 58.50 ಸೇರಿಸುವುದು. ಸರಿಯಾದ ದಾರಿಯಲ್ಲಿ ಮೊದಲು 2022ಕ್ಕೆ ನಿಗದಿ ಮಾಡಿ, ಆಮೇಲಿನ ಬಡ್ತಿಗಳನ್ನು ಹೊಸ ಏಣಿಯಲ್ಲೇ ಒಂದೊಂದಾಗಿ ಹತ್ತಿಸಿಕೊಂಡು 2024ಕ್ಕೆ ಬರಬೇಕು. ಎರಡೂ ದಾರಿಯಲ್ಲಿ ಒಂದೇ ಉತ್ತರ ಕೆಲವೊಮ್ಮೆ ಬರುತ್ತದೆ, ಅದೇ ಅಪಾಯ: ಪಕ್ಕದ ಮೇಜಿನವರಿಗೆ ಸರಿ ಬಂತು ಎಂದು ಎಲ್ಲರದೂ ಹಾಗೇ ಮಾಡಿಬಿಡುತ್ತಾರೆ. 2023ರ ಏಪ್ರಿಲ್‌ನಿಂದ ಕೊಡುತ್ತಿದ್ದ ಶೇ 17 ಮಧ್ಯಂತರ ಪರಿಹಾರಕ್ಕೂ ಈ ನಿಗದಿಗೂ ಸಂಬಂಧವಿಲ್ಲ, ಹೊಸ ವೇತನ ಬಂದ ದಿನ ಅದು ನಿಂತುಹೋಯಿತು.

ಇನ್ನು ಡಿಎ. 2025ರ ಜನವರಿ 1ರಿಂದ ಶೇ 12.25, ಅದೇ ವರ್ಷದ ಜುಲೈ 1ರಿಂದ ಶೇ 14.25. ಕೆಳಗಿನ ಉದಾಹರಣೆಗಳಿಗೆಲ್ಲ 14.25 ಹಿಡಿದಿದ್ದೇನೆ. ಹೊಸ ಆದೇಶ ಬಂದರೆ ಆ ಒಂದು ಅಂಕಿ ಬದಲಿಸಿಕೊಳ್ಳಿ, ವಿಧಾನ ಅದೇ.

ಕೇಂದ್ರದವರಿಗೆ ಶೇ 58, ನಮಗೆ 14.25 ಮಾತ್ರವೇ ಎಂಬ ಗೊಣಗಾಟ ಪ್ರತಿ ಆದೇಶದ ಜೊತೆ ಬರುತ್ತದೆ. ಆ ಹೋಲಿಕೆಗೆ ಅರ್ಥವಿಲ್ಲ. ಕೇಂದ್ರದ ಬೇಸಿಕ್‌ಗೆ ಡಿಎ ವಿಲೀನವಾದದ್ದು 2016ರ ಜನವರಿಯಲ್ಲಿ, ಬೆಲೆ ಸೂಚ್ಯಂಕದ ಸರಾಸರಿ 261.42 ಇದ್ದಾಗ. ರಾಜ್ಯದಲ್ಲಿ ವಿಲೀನವಾದದ್ದು 2022ರ ಜುಲೈಗೆ, ಸೂಚ್ಯಂಕ 361.704 ಇದ್ದಾಗ. ಆ ಹೊತ್ತಿಗೆ ಕೇಂದ್ರದ ಡಿಎ ಶೇ 38. ಕೇಂದ್ರದಲ್ಲಿ ಶೇ 1 ಏರಿದರೆ ನಮ್ಮ ದೊಡ್ಡ ಬೇಸಿಕ್ ಮೇಲೆ ಅದು ಶೇ 0.722 ಆಗುತ್ತದೆ. 58ರಲ್ಲಿ 38 ಕಳೆದರೆ 20, ಅದನ್ನು 0.722ರಿಂದ ಗುಣಿಸಿದರೆ 14.44, ಕಾಲು ಶೇಕಡಾಕ್ಕೆ ಕೆಳಕ್ಕೆ ಇಳಿಸಿದರೆ 14.25. ಹಿಂದಿನ ಆದೇಶಗಳೂ ಇದೇ ಲೆಕ್ಕಕ್ಕೆ ಕೂಡುತ್ತವೆ: ಕೇಂದ್ರ 50 ಇದ್ದಾಗ ನಮ್ಮದು 8.50, 53ಕ್ಕೆ 10.75, 55ಕ್ಕೆ 12.25. ಹಾಗಾಗಿ ಕೇಂದ್ರದ ಘೋಷಣೆ ಬಂದ ದಿನವೇ ನಮ್ಮ ದರ ಎಲ್ಲಿಗೆ ಬಂದು ನಿಲ್ಲಬಹುದು ಎಂದು ಕ್ಯಾಲ್ಕುಲೇಟರ್‌ನಲ್ಲಿ ನೋಡಬಹುದು. ಬಿಲ್‌ಗೆ ಹಾಕುವುದು ಮಾತ್ರ ರಾಜ್ಯದ ಆದೇಶ ಬಂದ ಮೇಲೆ.

ಡಿಎ ಲೆಕ್ಕಕ್ಕೆ ಬೇಸಿಕ್ ಎಂದರೆ ಶ್ರೇಣಿಯಲ್ಲಿ ಪಡೆಯುವ ವೇತನ, ಶ್ರೇಣಿಯ ಗರಿಷ್ಠ ಮುಟ್ಟಿದವರಿಗೆ ಕೊಟ್ಟ ಸ್ಥಗಿತ ವೇತನ ಬಡ್ತಿಯೂ ಸೇರಿ. ವಿಶೇಷ ಭತ್ಯೆ, ಪ್ರಭಾರ ಭತ್ಯೆ, ಸಮವಸ್ತ್ರ ಭತ್ಯೆಗಳ ಮೇಲೆ ಡಿಎ ಇಲ್ಲ. 50 ಪೈಸೆ ಮತ್ತು ಮೇಲ್ಪಟ್ಟದ್ದು ಮುಂದಿನ ರೂಪಾಯಿಗೆ, ಅದಕ್ಕಿಂತ ಕಡಿಮೆ ಇದ್ದರೆ ಬಿಟ್ಟುಬಿಡುವುದು.

ಎಚ್‌ಆರ್‌ಎ ಊರಿನ ಮೇಲೆ. 25 ಲಕ್ಷಕ್ಕೆ ಮೇಲ್ಪಟ್ಟ ಜನಸಂಖ್ಯೆ, ಅಂದರೆ ಬೆಂಗಳೂರು, ಶೇ 20. ಮೈಸೂರು, ಹುಬ್ಬಳ್ಳಿ-ಧಾರವಾಡದಂಥ 5 ಲಕ್ಷ ಮೀರಿದ ನಗರಗಳು ಶೇ 15. ಉಳಿದೆಲ್ಲ ಊರುಗಳು ಶೇ 7.5. ಹಿಂದೆ ಇದು 24, 16, 8 ಇತ್ತು. ಶೇಕಡಾ ಇಳಿಯಿತು ಎಂದು ಬೇಸರ ಮಾಡಿಕೊಂಡವರು ರೂಪಾಯಿ ನೋಡಬೇಕಿತ್ತು: ಹಳೆಯ 30,350ಕ್ಕೆ ಶೇ 24 ಎಂದರೆ 7,284, ಹೊಸ 49,050ಕ್ಕೆ ಶೇ 20 ಎಂದರೆ 9,810.

ಎಣಿಕೆಗೆ ಬರುವುದು ಕೆಲಸದ ಸ್ಥಳ, ವಾಸದ ಸ್ಥಳ ಅಲ್ಲ. ಬೆಂಗಳೂರಿನಲ್ಲಿ ಮನೆ ಮಾಡಿಕೊಂಡು ಮಾಗಡಿಯ ಕಚೇರಿಗೆ ಓಡಾಡುವವರಿಗೆ ಮಾಗಡಿಯ ದರ. ಸ್ವಂತ ಮನೆ ಇದ್ದರೂ ಭತ್ಯೆ ಉಂಟು. ಸರ್ಕಾರಿ ವಸತಿಗೃಹದಲ್ಲಿದ್ದರೆ ಇಲ್ಲ. ವಸತಿಗೃಹಕ್ಕೆ ಹೋದ ತಿಂಗಳು ಎಚ್‌ಆರ್‌ಎ ನಿಲ್ಲಿಸಲು ಮರೆಯುವುದು, ಬಿಟ್ಟು ಬಂದ ತಿಂಗಳು ಮತ್ತೆ ಶುರು ಮಾಡಲು ಮರೆಯುವುದು, ಎರಡೂ ಮಾಮೂಲಿ. ಸ್ವಾಧೀನ ತೆಗೆದುಕೊಂಡ ಮತ್ತು ಬಿಟ್ಟುಕೊಟ್ಟ ದಿನಾಂಕದ ಪತ್ರ ಎರಡನ್ನೂ ಸಂಬಳ ಸೆಳೆದು ಕೊಡುವ ಬಟವಾಡೆ ಅಧಿಕಾರಿಗೆ ಕೊಟ್ಟು ಒಂದು ಪ್ರತಿಗೆ ಸ್ವೀಕೃತಿ ಹಾಕಿಸಿಕೊಳ್ಳಿ.

ಈಗ ಕೂಡಿ ನೋಡೋಣ, ಗಂಟು ಭತ್ಯೆಗಳನ್ನು ಬದಿಗಿಟ್ಟು. ತಾಲ್ಲೂಕು ಕೇಂದ್ರದಲ್ಲಿ ಹೊಸದಾಗಿ ಸೇರಿದ ಎಸ್‌ಡಿಎ: ಬೇಸಿಕ್ 34,100, ಡಿಎ 4,859, ಎಚ್‌ಆರ್‌ಎ 2,558, ಒಟ್ಟು 41,517. ಬೆಂಗಳೂರಿನ ಎಫ್‌ಡಿಎ, ಬೇಸಿಕ್ 49,050: ಡಿಎ 6,990, ಎಚ್‌ಆರ್‌ಎ 9,810, ಒಟ್ಟು 65,850, ಇದರ ಮೇಲೆ ನಗರ ಪರಿಹಾರ ಭತ್ಯೆ. ಅದೇ ನೌಕರ ಮೈಸೂರಿಗೆ ವರ್ಗವಾದರೆ ಎಚ್‌ಆರ್‌ಎ 7,358, ಹುಣಸೂರಿಗೆ ಹೋದರೆ 3,679. ಬೇಸಿಕ್, ಡಿಎ ಎರಡೂ ಅಲ್ಲಾಡದೆ ಹುಣಸೂರಿನಲ್ಲಿ ಬೆಂಗಳೂರಿಗಿಂತ ತಿಂಗಳಿಗೆ 6,131 ಕಡಿಮೆ.

ವರ್ಗಾವಣೆಯಲ್ಲೇ ಹೆಚ್ಚು ವಸೂಲಾತಿ ಹುಟ್ಟುವುದೂ ಇದಕ್ಕೇ. ಹಳೆಯ ಕಚೇರಿಯ ಅಂತಿಮ ವೇತನ ಪ್ರಮಾಣಪತ್ರದಲ್ಲಿ ಶೇ 20ರ ಎಚ್‌ಆರ್‌ಎ ಇರುತ್ತದೆ. ಹೊಸ ಕಚೇರಿಯಲ್ಲಿ ಅದನ್ನೇ ನೋಡಿಕೊಂಡು ಬಿಲ್ ಮಾಡಿದರೆ, ಅಥವಾ ಸಂಬಳದ ಬಿಲ್ ತಯಾರಾಗುವ ತಂತ್ರಾಂಶ ಎಚ್‌ಆರ್‌ಎಂಎಸ್‌ನಲ್ಲಿ ಊರಿನ ವರ್ಗ ಬದಲಿಸದೆ ಬಿಟ್ಟರೆ, ಖಜಾನೆ ತಡೆಯುವುದಿಲ್ಲ. ಹೊಸ ಜಾಗದ ಮೊದಲ ಸ್ಲಿಪ್‌ನಲ್ಲಿ ಎಚ್‌ಆರ್‌ಎಯನ್ನು ಬೇಸಿಕ್‌ನಿಂದ ಭಾಗಿಸಿ ನೋಡಿದರೆ ಸಾಕು: 0.20 ಬಂತೋ, 0.075 ಬಂತೋ.

ತಿಂಗಳ ನಡುವೆ ಸೇರಿದವರ ಲೆಕ್ಕ ಬೇರೆ. ಆ ತಿಂಗಳಲ್ಲಿ ಇರುವಷ್ಟು ದಿನಗಳಿಂದ ಭಾಗಿಸಬೇಕು, ಯಾವಾಗಲೂ 30ರಿಂದಲ್ಲ. ಜುಲೈ 17ರಂದು ಸೇರಿದ ಎಸ್‌ಡಿಎಗೆ 15 ದಿನ. 34,100ನ್ನು 31ರಿಂದ ಭಾಗಿಸಿದರೆ ದಿನಕ್ಕೆ 1,100, ಹದಿನೈದು ದಿನಕ್ಕೆ 16,500. ಡಿಎ, ಎಚ್‌ಆರ್‌ಎ ಈ 16,500ರ ಮೇಲೆ: 2,351 ಮತ್ತು 1,238, ಒಟ್ಟು 20,089. 30ರಿಂದ ಭಾಗಿಸಿದರೆ ಬೇಸಿಕ್ 17,050 ಆಗಿ 550 ರೂಪಾಯಿ ಹೆಚ್ಚು ಬರುತ್ತದೆ. ಫೆಬ್ರವರಿಯಲ್ಲಿ ಅದೇ ತಪ್ಪು ನೌಕರನ ಕೈಯಿಂದ ಹೋಗುತ್ತದೆ. ಅಸಾಧಾರಣ ರಜೆಯ ದಿನಗಳಿಗೆ ಬೇಸಿಕ್ ಇಲ್ಲ, ಬೇಸಿಕ್ ಇಲ್ಲದ ಕಡೆ ಡಿಎಯೂ ಇಲ್ಲ.

ಡಿಎ ಬಾಕಿ ಬಿಲ್ ಬಂದಾಗ ಹೆಚ್ಚಳದ ಶೇಕಡಾವಾರನ್ನು ಬೇಸಿಕ್‌ಗೆ ಗುಣಿಸಿ ತಿಂಗಳ ಸಂಖ್ಯೆಯಿಂದ ಗುಣಿಸುವುದು ಸುಲಭದ ದಾರಿ, ಸರಿಯಾದ ದಾರಿ ಅಲ್ಲ. ಪ್ರತಿ ತಿಂಗಳಿಗೂ ಒಂದು ಸಾಲು ಹಾಕಿ ಬರಬೇಕಾದದ್ದು, ಪಡೆದದ್ದು, ವ್ಯತ್ಯಾಸ ಎಂದು ತಖ್ತೆ ಮಾಡಬೇಕು. ನಡುವೆ ವೇತನ ಬಡ್ತಿ ಬಂದಿದ್ದರೆ ಬೇಸಿಕ್ ಬದಲಾಗಿರುತ್ತದೆ. ಅರ್ಧ ತಿಂಗಳು ಸಂಬಳ ಪಡೆದಿದ್ದರೆ ಆ ಸಾಲಿನಲ್ಲಿ ಅಷ್ಟೇ ಬರಬೇಕು. ಪೈಸೆಯೂ ಕಾಡುತ್ತದೆ: 34,100ಕ್ಕೆ ಶೇ 10.75 ಎಂದರೆ 3,666, ಶೇ 12.25 ಎಂದರೆ 4,177, ವ್ಯತ್ಯಾಸ 511. ನೇರವಾಗಿ ಶೇ 1.50 ಹಾಕಿದರೆ 511.50, ಅಂದರೆ 512. ಒಂದು ರೂಪಾಯಿ ಎಂದು ನಗಬಹುದು, ಆದರೆ ಕಚೇರಿಯ ನೂರು ಜನರ ಬಿಲ್ ಮೊತ್ತ ಕೂಡದೆ ವಾಪಸ್ ಬರುವುದಕ್ಕೆ ಆ ಒಂದು ರೂಪಾಯಿಯೇ ಸಾಕು.

ಕಡಿತಗಳಿಗೂ ಗ್ರಾಸ್‌ಗೂ ಸಂಬಂಧ ಕಲ್ಪಿಸಿ ಗೊಂದಲ ಮಾಡಿಕೊಳ್ಳುವವರಿದ್ದಾರೆ. 1-4-2006 ಮತ್ತು ಅದರ ನಂತರ ಸೇರಿದವರಿಗೆ ಎನ್‌ಪಿಎಸ್ ಕಡಿತ ಬೇಸಿಕ್ ಮತ್ತು ಡಿಎ ಸೇರಿದ ಮೊತ್ತದ ಶೇ 10, ಎಚ್‌ಆರ್‌ಎ ಅದರಲ್ಲಿ ಬರುವುದಿಲ್ಲ. ಮೇಲಿನ ಎಸ್‌ಡಿಎಗೆ 38,959ರ ಶೇ 10, ಅಂದರೆ 3,896. ಡಿಎ ಬಾಕಿ ಬಂದಾಗ ಅದರಲ್ಲೂ ಶೇ 10 ಕಡಿತವಾಗುತ್ತದೆ, ಅದಕ್ಕೇ ಕೈಗೆ ಸಿಗುವುದು ತಖ್ತೆಗಿಂತ ಕಡಿಮೆ. ಸರ್ಕಾರದ ಶೇ 14 ವಂತಿಗೆ ಬೇರೆ, ಅದು ಗ್ರಾಸ್‌ನಲ್ಲಿ ಕಾಣುವುದಿಲ್ಲ. ವೃತ್ತಿ ತೆರಿಗೆ ತಿಂಗಳಿಗೆ 200. 2025ರ ತಿದ್ದುಪಡಿಯ ನಂತರ ಫೆಬ್ರವರಿಯಲ್ಲಿ ಮಾತ್ರ 300, ವರ್ಷಕ್ಕೆ 2,500. ಆ ತಿಂಗಳು ನೂರು ಹೆಚ್ಚು ಹಿಡಿದರು ಎಂದು ಜಗಳಕ್ಕೆ ಹೋಗಬೇಡಿ. ಕೆಜಿಐಡಿ (ಸರ್ಕಾರಿ ವಿಮಾ ಇಲಾಖೆಯ ಜೀವವಿಮೆ), ಗುಂಪು ವಿಮೆ, ನೌಕರರ ಚಿಕಿತ್ಸಾ ಯೋಜನೆಯಾದ ಆರೋಗ್ಯ ಸಂಜೀವಿನಿ ವಂತಿಗೆಗಳೂ ಗ್ರಾಸ್ ನಂತರದವೇ.

ಆ ಶೇ 14 ಮತ್ತೆ ತಲೆ ಎತ್ತುವುದು ಆದಾಯ ತೆರಿಗೆ ಲೆಕ್ಕದಲ್ಲಿ. ನಮ್ಮಲ್ಲಿ ಮಾರ್ಚ್ ಸಂಬಳ ಏಪ್ರಿಲ್‌ನಲ್ಲಿ ಕೈಗೆ ಬರುವುದರಿಂದ ತೆರಿಗೆಯ ಹನ್ನೆರಡು ತಿಂಗಳು ಮಾರ್ಚ್‌ನಿಂದ ಫೆಬ್ರವರಿವರೆಗೆ. ಬಾಕಿ ಬಿಲ್‌ಗಳು ಯಾವ ವರ್ಷ ಪಾವತಿಯಾದವೋ ಆ ವರ್ಷದ ಲೆಕ್ಕಕ್ಕೆ. ಬೆಂಗಳೂರಿನ ಎಫ್‌ಡಿಎ ವರ್ಷವಿಡೀ ಇದೇ ದರದಲ್ಲಿ ಪಡೆದ ಎಂದಿಟ್ಟುಕೊಂಡರೆ 65,850ರಂತೆ 7,90,200. ಸರ್ಕಾರದ ವಂತಿಗೆ ತಿಂಗಳಿಗೆ 7,846, ವರ್ಷಕ್ಕೆ 94,152. ಇದನ್ನು ಮೊದಲು ಆದಾಯಕ್ಕೆ ಸೇರಿಸಿ 8,84,352 ಮಾಡಬೇಕು, ಆಮೇಲೆ ಆದಾಯ ತೆರಿಗೆ ಕಾಯ್ದೆಯ ಕಲಂ 80ಸಿಸಿಡಿ(2) ಅಡಿ ಅಷ್ಟನ್ನೇ ಕಳೆಯಬೇಕು. 2025-26ನೇ ಸಾಲಿನ ಹೊಸ ಪದ್ಧತಿಯಲ್ಲಿ 75,000 ಸ್ಟ್ಯಾಂಡರ್ಡ್ ಡಿಡಕ್ಷನ್ ಕಳೆದರೆ ಉಳಿಯುವುದು 7,15,200. ಸೇರಿಸದೆ ಕಳೆಯುವುದು ಎಲ್ಲ ಕಚೇರಿಗಳಲ್ಲೂ ಕಾಣುವ ತಪ್ಪು. 12 ಲಕ್ಷದ ಒಳಗಿರುವವರಿಗೆ ಅದು ತಿಳಿಯುವುದೇ ಇಲ್ಲ, ಯಾಕೆಂದರೆ ಹೇಗೂ ತೆರಿಗೆ ಶೂನ್ಯ. ಅದರಾಚೆ ಇರುವ ಹಿರಿಯ ಶ್ರೇಣಿಯವರಿಗೆ ಫಾರಂ 16ಕ್ಕೂ ರಿಟರ್ನ್‌ಗೂ ತಾಳೆಯಾಗದೆ ನೋಟಿಸ್ ಬರುತ್ತದೆ. ಎಚ್‌ಆರ್‌ಎ ವಿನಾಯಿತಿ ಹಳೆಯ ಪದ್ಧತಿಗೆ ಮಾತ್ರ, ಹೊಸದರಲ್ಲಿ ಬಾಡಿಗೆ ರಸೀದಿ ಕೊಟ್ಟರೂ ಉಪಯೋಗವಿಲ್ಲ.